ಎಡಿಟರ್ ಅಂದ್ರೆ ಬರೀ ಕತ್ತರಿ ಕೆಲಸಾನಾ?

ಮೊದಲ_ಶೋ: ಕೆಜಿಎಫ್ 2 ಎಡಿಟ್ ಮಾಡಿದ್ದು ಕಲಬುರಗಿಯ ಉಜ್ವಲ್ ಕುಲಕರ್ಣಿ. ಅದಕ್ಕೂ ಮುಂಚೆ ಯೂಟ್ಯೂಬಿಗೆ ಫ್ಯಾನ್ ಎಡಿಟ್ (ಅಭಿಮಾನಿಗಳು ಸಿನಿಮಾ ತುಣುಕು ಜೋಡಿಸಿ ಮಾಡೋ ವಿಡಿಯೋ) ಹಾಕ್ತಿದ್ದ ಹುಡುಗ. ಅಂದ್ರೆ ಒಳ್ಳೇ ಕಂಪ್ಯೂಟರ್ ಇದ್ರೆ ಯಾರು ಬೇಕಾದ್ರೂ ಮಾಡಬಹುದು. ಏನು ಇಡಬೇಕು, ಏನು ಕಿತ್ತಾಕಬೇಕು ಅಂತ ಡೈರೆಕ್ಟರ್ರೇ ಹೇಳ್ತಾರಲ್ಲ?

ಕತ್ರಿಗುಪ್ಪೆ_ಹುಡುಗ: ಉಲ್ಟಾ ಹೇಳ್ತಿದೀಯ ಗುರು. ಯಾರು ಬೇಕಾದ್ರೂ ಮಾಡೋ ಹಾಗಿದ್ರೆ ಅಷ್ಟೊಂದು ಫ್ಯಾನ್ ಎಡಿಟ್ ಹುಡುಗರಲ್ಲಿ ಡೈರೆಕ್ಟರ್ ಪ್ರಶಾಂತ್ ನೀಲ್ ಈ ಉಜ್ವಲ್ ಒಬ್ಬರನ್ನೇ ಯಾಕೆ ಕರೆದ್ರು? ಹಾಲಿವುಡ್‌ನ ಶಾರ್ಕ್ ಸಿನಿಮಾ 'ಜಾಸ್' (1975) ತಗೋ. ಯಂತ್ರದ ಶಾರ್ಕ್ ಸಮುದ್ರಕ್ಕಿಳಿದ್ರೆ ಕೈಕೊಡ್ತಿತ್ತು. ಒದ್ದಾಡಿ ತೆಗೆದ ಶಾಟು, ಉದ್ದ ಇರಲಿ ಅಂತ ಡೈರೆಕ್ಟರ್ ಸ್ಪಿಲ್‌ಬರ್ಗ್‌ಗೆ ಆಸೆ. ಎಡಿಟರ್ ವರ್ನಾ ಫೀಲ್ಡ್ಸ್‌ಗೆ ಚಿಕ್ಕದು ಮಾಡೋ ಹಟ. ಆಮೇಲೆ ಸ್ಪಿಲ್‌ಬರ್ಗೇ ಒಪ್ಕೊಂಡ್ರು: 36 ಫ್ರೇಮ್ ಇದ್ರೆ ಭಯ ಆಗುತ್ತೆ, 38 ಆದ್ರೆ ನೀರಲ್ಲಿ ಏನೋ ತೇಲ್ತಿದೆ ಅನ್ಸುತ್ತೆ (ಏನು ಅಂತ ಅವರು ಬಳಸಿದ ಪದ ಇಲ್ಲಿ ಬರೆಯೋ ಹಾಗಿಲ್ಲ). ಫ್ರೇಮ್ ಅಂದ್ರೆ ರೀಲಿನ ಒಂದು ಚಿತ್ರ, ಸೆಕೆಂಡಿಗೆ 24 ಓಡುತ್ತೆ; ಎರಡು ಫ್ರೇಮ್ ಅಂದ್ರೆ ಸೆಕೆಂಡಿನ ಹನ್ನೆರಡನೇ ಒಂದು ಭಾಗ ಅಷ್ಟೇ. ಆಸ್ಕರ್ ಬಂದಿದ್ದು ವರ್ನಾಗೆ.

ಹಳೇ_ಸ್ಟೀನ್‌ಬೆಕ್: ನಾನು ಮದ್ರಾಸಲ್ಲಿ ಅಸಿಸ್ಟೆಂಟ್ ಎಡಿಟರ್ ಆಗಿದ್ದವನು. ರೀಲಿನ ಒಂದು ಅಡಿಗೆ 16 ಫ್ರೇಮು. ಪೆನ್ಸಿಲಲ್ಲಿ ಗುರುತು ಹಾಕಿ, ಕತ್ತರಿಸಿ, ಟೇಪ್ ಹಚ್ಚಿ ಸೇರಿಸ್ತಿದ್ವಿ. ಗೇಣುದ್ದದ ತುಂಡು ಕಳೆದ್ರೆ ರಾತ್ರಿಯೆಲ್ಲ ಹುಡುಕಾಟ.

ಮೊದಲ_ಶೋ: ಅದು ಆ ಕಾಲ ಸರ್. ಈಗ ಕಂಪ್ಯೂಟರಲ್ಲಿ ಕಂಟ್ರೋಲ್ ಝಡ್ ಒತ್ತಿದ್ರೆ ಮುಗೀತು, ಕತ್ತರಿಸಿದ್ದು ವಾಪಸ್.

ಹಳೇ_ಸ್ಟೀನ್‌ಬೆಕ್: ಅದೇ ಈಗಿನ ಕಷ್ಟ ಕಣಪ್ಪ! ಆಗ ಕತ್ತರಿ ಹಾಕೋಕೆ ಮುಂಚೆ ಎಲ್ಲರೂ ಯೋಚನೆ ಮಾಡೋರು. ಈಗ ಪ್ರೊಡ್ಯೂಸರ್ರು, ಹೀರೋ, ಹೀರೋನ ಭಾವಮೈದ ಎಲ್ಲರೂ ಬೆನ್ನ ಹಿಂದೆ ಕೂತು 'ಇನ್ನೊಂದು ವರ್ಶನ್ ನೋಡೋಣ' ಅಂತಾರೆ.

ಮಂಡ್ಯ_ಮಾತು: ನಮ್ಮ ಸುರೇಶ್ ಅರಸ್ ಅವರಿಗೆ 'ಬಾಂಬೆ' (1995) ಚಿತ್ರಕ್ಕೆ ರಾಷ್ಟ್ರಪ್ರಶಸ್ತಿ ಬಂತು. ಹಾಡು ಎಲ್ಲರಿಗೂ ಬಾಯಿಪಾಠ, ಈ ಹೆಸರು ಎಷ್ಟು ಜನಕ್ಕೆ ಗೊತ್ತು? ಕಟ್ ಕಣ್ಣಿಗೆ ಬಿದ್ರೆ ಎಡಿಟರ್‌ಗೆ ಬೈಗುಳ, ಬೀಳದಿದ್ರೆ ಕ್ಯಾಮರಾಮನ್‌ಗೆ ಚಪ್ಪಾಳೆ.

ಮೊದಲ_ಶೋ: ಸರಿ, 'ಯಾರು ಬೇಕಾದ್ರೂ' ಅನ್ನೋದನ್ನ ವಾಪಸ್ ತಗೊಂಡೆ. ಕೊನೇ ಮಾತು ಡೈರೆಕ್ಟರ್‌ದೇ ಅನ್ನೋದನ್ನ ಮಾತ್ರ ಬಿಡಲ್ಲ.

ಕತ್ರಿಗುಪ್ಪೆ_ಹುಡುಗ: ಡೈರೆಕ್ಟರ್ರೇ ಎಡಿಟರ್ ಆಗಿದ್ದವರಾದ್ರೆ? 'ಉಳಿದವರು ಕಂಡಂತೆ' ಎಡಿಟ್ ಮಾಡಿದ ಸಚಿನ್ ರವಿನೇ 'ಅವನೇ ಶ್ರೀಮನ್ನಾರಾಯಣ' ಡೈರೆಕ್ಟ್ ಮಾಡಿದ್ದು. ಇರ್ಲಿ. ಸ್ಟೀನ್‌ಬೆಕ್ ಸರ್, ನಿಮ್ಮ ಹೆಸರು ಟೈಟಲ್ ಕಾರ್ಡಲ್ಲಿ ಬಂದಿತ್ತಾ?

ಹಳೇ_ಸ್ಟೀನ್‌ಬೆಕ್: ಒಂದು ಸಿನಿಮಾಕ್ಕೆ ಹಾಕಿದ್ರು. ಆಮೇಲೆ ಟೈಟಲ್ ಉದ್ದ ಆಯ್ತು ಅಂದ್ರು. ಆ ತುಂಡು ಕತ್ತರಿಸಿದ್ದೂ ನಾನೇ.