ಹುಲ್ಲುಗಾವಲಿನ ಎರಡು ತಿಗಣೆಗಳು: ಜಾತಿ ಒಂದೇ ಅಥವಾ ಬೇರೆಯೇ?

ಪ್ರಶ್ನೆ: ನಮಸ್ಕಾರ ಮೇಡಂ. ನಾವು ಇಂಗ್ಲೆಂಡಿನ ಯಾರ್ಕ್‌ಷೈರ್‌ನಲ್ಲಿದ್ದೇವೆ. ಮನೆಯ ಹಿಂದಿನ ತೇವದ ಹುಲ್ಲುಗಾವಲಿನಲ್ಲಿ, ಜೂನ್ ಕೊನೆಯ ವಾರ, ತೆನೆ ಬಿಟ್ಟ ಹುಲ್ಲಿನ ಮೇಲೆ ಎರಡು ಬಗೆಯ ಕೀಟಗಳು ಕಂಡವು. ಒಂದಕ್ಕೆ ಕಿತ್ತಳೆ ಮೈ, ಕಪ್ಪು ಗುರುತು, ಪೂರ್ತಿ ರೆಕ್ಕೆ. ಹತ್ತಿರ ಹೋದರೆ ಹಾರಿಬಿಡುತ್ತದೆ. ಇನ್ನೊಂದು ಮಾಸಲು ಹಸಿರು, ಹೊಟ್ಟೆ ದಪ್ಪ, ರೆಕ್ಕೆ ಅರ್ಧಕ್ಕೇ ನಿಂತಿದೆ. ಅದು ಹಾರದೆ ಕಾಂಡದ ಆಚೆ ಬದಿಗೆ ಸರಿದು ಅಡಗುತ್ತದೆ. ಎರಡೂ ಒಂದು ಸೆಂಟಿಮೀಟರ್‌ಗಿಂತ ತುಸು ಚಿಕ್ಕವು. ಊರಿನಲ್ಲಿ ಗದ್ದೆ ಮಾಡುವ ನಮ್ಮಮ್ಮ ಫೋಟೋ ನೋಡಿ, ಭತ್ತದ ಹಾಲುಗಾಳು ಹೀರುವ ಗಂಧಿ ತಿಗಣೆಯ ಹಾಗಿದೆ ಎಂದರು. ಇವು ಯಾವುವು? ಮಕ್ಕಳು ಅಲ್ಲೇ ಆಡುತ್ತಾರೆ, ಔಷಧಿ ಹೊಡೆಯಬೇಕೇ?

ಉತ್ತರ: ನಮಸ್ಕಾರ. ನೀವು ಕಂಡದ್ದು ಎರಡು ಜಾತಿಯಲ್ಲ, ಒಂದೇ ಜಾತಿಯ ಗಂಡು ಮತ್ತು ಹೆಣ್ಣು. ಇದು ಲೆಪ್ಟೊಪ್ಟೆರ್ನಾ ಡೊಲಬ್ರಾಟಾ ಎಂಬ ಹುಲ್ಲುಗಾವಲು ತಿಗಣೆ. 1758ರಲ್ಲಿ ಲಿನೇಯಸ್ ವಿವರಿಸಿದ ಕೀಟಗಳಲ್ಲಿ ಇದೂ ಒಂದು. ಗಂಡಿಗೆ ಪೂರ್ಣ ರೆಕ್ಕೆಯಿರುತ್ತದೆ. ಹೆಣ್ಣುಗಳಲ್ಲಿ ಹೆಚ್ಚಿನವು ಗಿಡ್ಡ ರೆಕ್ಕೆಯವು, ಪೂರ್ಣ ರೆಕ್ಕೆಯ ಹೆಣ್ಣು ಅಪರೂಪ. ಹೀಗಾಗಿ ಗಿಡ್ಡ ರೆಕ್ಕೆಯ ಹೆಣ್ಣನ್ನು ಇನ್ನೂ ಬೆಳೆಯಬೇಕಾದ ಮರಿ ಎಂದೋ ಬೇರೆ ಜಾತಿ ಎಂದೋ ತಿಳಿಯುವುದು ಬಹಳ ಸಾಮಾನ್ಯ.

ನಿಮ್ಮ ತಾಯಿಯವರ ಊಹೆಗೆ ಆಧಾರವಿದೆ. ಎರಡೂ ತೆಳ್ಳಗಿನ ಉದ್ದ ಕಾಲಿನ ತಿಗಣೆಗಳು, ಎರಡೂ ಹುಲ್ಲಿನ ಜಾತಿಯ ಸಸ್ಯದ ಎಳೆಯ ಕಾಳನ್ನು ಹುಡುಕಿ ಬರುತ್ತವೆ. ಆದರೆ ಕುಟುಂಬ ಬೇರೆ. ಹತ್ತು ಪಟ್ಟು ದೊಡ್ಡದಾಗಿ ತೋರಿಸುವ ಒಂದು ಕೈಮಸೂರ ಹಿಡಿದು ಗಂಡಿನ ರೆಕ್ಕೆಯ ಹೊರ ಅಂಚನ್ನು, ತುದಿಯ ಕಡೆಗೆ, ನೋಡಿ: ರೆಕ್ಕೆಯ ಗಟ್ಟಿ ಭಾಗ ಮುಗಿಯುವಲ್ಲಿ ಒಂದು ಸೀಳು, ಅದರಾಚೆ ಬೆಣೆಯಂಥ ತ್ರಿಕೋನ ತುಂಡು, ಅಲ್ಲಿಂದ ರೆಕ್ಕೆಯ ತುದಿ ಕೆಳಕ್ಕೆ ಬಾಗಿರುತ್ತದೆ. ಈ ಬೆಣೆ ಮಿರಿಡ್ ಕುಟುಂಬದ ಗುರುತು, ಗಂಧಿ ತಿಗಣೆಯಲ್ಲಿ ಇದಿಲ್ಲ. ಗಂಧಿ ತಿಗಣೆಯ ತಲೆಯ ಮೇಲೆ ಎರಡು ಪುಟ್ಟ ಸರಳಗಣ್ಣುಗಳಿರುತ್ತವೆ. ನಿಮ್ಮ ಕೀಟಕ್ಕೆ ಅವೂ ಇಲ್ಲ. ಹೆಣ್ಣಿನ ಗಿಡ್ಡ ರೆಕ್ಕೆಯಲ್ಲಿ ಬೆಣೆ ಸ್ಪಷ್ಟವಾಗಿ ಕಾಣದ ಕಾರಣ, ಅದರ ಕುಡಿಮೀಸೆಯ ಮೊದಲ ಗೆಣ್ಣನ್ನು ನೋಡಬೇಕು. ಅದು ಉಳಿದವಕ್ಕಿಂತ ದಪ್ಪಗಿದ್ದು, ದಟ್ಟವಾದ ಕೂದಲು ಹೊದ್ದಿರುತ್ತದೆ. ನಿಮ್ಮ ಎರಡನೆಯ ಫೋಟೋದಲ್ಲಿ ಅದು ಚೆನ್ನಾಗಿಯೇ ಮೂಡಿದೆ. ಇದೇ ಕುಲದ ಇನ್ನೊಂದು ಜಾತಿ, ಲೆಪ್ಟೊಪ್ಟೆರ್ನಾ ಫೆರುಗಾಟಾ, ಇದನ್ನೇ ಹೋಲುತ್ತದೆಯಾದರೂ ಒಣ ಹುಲ್ಲುಗಾವಲನ್ನು ಬಯಸುತ್ತದೆ. ನಿಮ್ಮದು ತೇವದ ನೆಲ ಎಂಬುದು ನನ್ನ ನಿರ್ಣಯವನ್ನು ಬಲಪಡಿಸುತ್ತದೆ.

ಇದು ರಸ ಹೀರುವ ಬಗೆಯನ್ನು ಸ್ವಲ್ಪ ವಿವರಿಸುತ್ತೇನೆ, ಏಕೆಂದರೆ ಹಾನಿಯ ಸ್ವರೂಪ ಅದರಿಂದಲೇ ತಿಳಿಯುತ್ತದೆ. ಗಿಡಹೇನು ಸಸ್ಯದ ಆಹಾರನಾಳಕ್ಕೆ ಸೂಜಿ ಚುಚ್ಚಿ, ಅಲ್ಲಿ ಹರಿಯುವ ರಸವನ್ನು ಕುಡಿಯುತ್ತದೆ. ಮಿರಿಡ್ ತಿಗಣೆ ಹಾಗಲ್ಲ: ಸೂಜಿಯನ್ನು ಎಳೆಯ ಅಂಗಾಂಶದೊಳಗೆ ಹಿಂದೆಮುಂದೆ ಆಡಿಸಿ ಕೋಶಗಳನ್ನು ಹರಿದು, ಜೊಲ್ಲಿನ ಕಿಣ್ವಗಳಿಂದ ಅವನ್ನು ಕರಗಿಸಿ, ಆದ ಗಂಜಿಯನ್ನು ಹೀರಿಕೊಳ್ಳುತ್ತದೆ. ಆದ್ದರಿಂದ ಕೀಟ ಎದ್ದುಹೋದ ಮೇಲೂ ಆ ಜಾಗ ಬಿಳಿಚಿಕೊಳ್ಳುತ್ತದೆ, ಕಾಳು ಜೊಳ್ಳಾಗುತ್ತದೆ. ಯುರೋಪಿನಿಂದ ಈ ತಿಗಣೆ ಉತ್ತರ ಅಮೆರಿಕಕ್ಕೂ ಹೋಗಿ ನೆಲೆಸಿದೆ. ಅಲ್ಲಿ ಬೀಜಕ್ಕಾಗಿ ಕೆಂಟಕಿ ಬ್ಲೂಗ್ರಾಸ್ ಬೆಳೆಯುವ ಹೊಲಗಳಲ್ಲಿ ಬಲಿಯುವ ಮೊದಲೇ ತೆನೆ ಬೆಳ್ಳಗೆ ಒಣಗುವ ‘ಸಿಲ್ವರ್‌ಟಾಪ್’ ಎಂಬ ತೊಂದರೆಗೆ ಇದನ್ನೂ ಒಂದು ಕಾರಣವೆಂದು ಗುರುತಿಸಲಾಗಿದೆ. ಬೀಜ ಮಾರುವ ರೈತನಿಗೆ ಅದು ನಷ್ಟ. ನಿಮ್ಮ ಹುಲ್ಲುಗಾವಲಿಗೆ ಇದರಿಂದ ಗಮನಿಸುವಂಥ ಹಾನಿಯಿಲ್ಲ. ಇದು ರಕ್ತ ಹೀರುವ ಕೀಟವೂ ಅಲ್ಲ. ದಯವಿಟ್ಟು ಔಷಧಿ ಹೊಡೆಯಬೇಡಿ, ಅದೇ ಹುಲ್ಲಿನಲ್ಲಿರುವ ಜೇಡ ಮತ್ತು ಜೇನುನೊಣಗಳೂ ಸಾಯುತ್ತವೆ.

ಮರುಪ್ರಶ್ನೆ: ತುಂಬಾ ಧನ್ಯವಾದಗಳು ಮೇಡಂ. ಆಗಸ್ಟ್‌ನಲ್ಲಿ ಹುಲ್ಲು ಕೊಯ್ಯುತ್ತಾರೆ. ಆಮೇಲೆ ಇವು ಎಲ್ಲಿಗೆ ಹೋಗುತ್ತವೆ?

ಉತ್ತರ: ಇದಕ್ಕೆ ವರ್ಷಕ್ಕೆ ಒಂದೇ ಪೀಳಿಗೆ. ಹೆಣ್ಣು ಬೇಸಿಗೆಯಲ್ಲಿ ಹುಲ್ಲಿನ ಕಾಂಡದೊಳಗೆ ಮೊಟ್ಟೆ ತೂರಿಸಿಡುತ್ತದೆ, ಚಳಿಗಾಲವನ್ನು ಕಳೆಯುವುದು ಆ ಮೊಟ್ಟೆಯೊಂದೇ. ವಸಂತದಲ್ಲಿ ಹೊರಬರುವ ಮರಿಗಳು, ಅಂದರೆ ನಮ್ಮ ಪುಸ್ತಕಗಳಲ್ಲಿ ‘ಅಪ್ಸರೆ’ ಎಂದು ಬರೆಯುವ ಹಂತದವು, ಐದು ಬಾರಿ ಪೊರೆ ಕಳಚಿ ಜೂನ್ ಹೊತ್ತಿಗೆ ಪ್ರೌಢವಾಗುತ್ತವೆ. ಮೊಟ್ಟೆ ಕೂಳೆಯಲ್ಲಿ ಉಳಿಯುವುದರಿಂದಲೇ ಅಮೆರಿಕದ ಬೀಜದ ಹೊಲಗಳಲ್ಲಿ ಕೊಯ್ಲಿನ ನಂತರ ಕೂಳೆಯನ್ನು ಸುಡುವ ಪದ್ಧತಿ ಇದನ್ನು ಹತೋಟಿಯಲ್ಲಿಟ್ಟಿತ್ತು. ಮುಂದಿನ ವರ್ಷವೂ ಇವನ್ನು ಕಾಣಬೇಕೆಂದಿದ್ದರೆ ಒಂದು ಅಂಚಿನ ಹುಲ್ಲನ್ನು ಕೊಯ್ಯದೆ ಬಿಡುವಂತೆ ಅವರಲ್ಲಿ ಕೇಳಿಕೊಳ್ಳಿ.

ಇನ್ನೊಬ್ಬ ಸದಸ್ಯರ ಪ್ರಶ್ನೆ: ಮೇಡಂ, ನಮ್ಮದು ಪುತ್ತೂರು ಕಡೆ ಗೇರು ತೋಟ. ಚಿಗುರು ಕಪ್ಪಾಗಿಸುವ ಟೀ ಸೊಳ್ಳೆಯೂ ಮಿರಿಡ್ ಎಂದು ಕೇಳಿದ್ದೆ. ಹಾಗಾದರೆ ಬುಡದ ಹುಲ್ಲು ಸವರಿದರೆ ಅದು ಕಡಿಮೆಯಾಗುತ್ತದೆಯೇ?

ಉತ್ತರ: ಕುಟುಂಬ ಅದೇ, ಹೆಸರು ಸೊಳ್ಳೆಯಾದರೂ ಅದು ತಿಗಣೆಯೇ, ಬೆನ್ನಿನ ಮೇಲೆ ಗುಂಡುಸೂಜಿಯಂಥ ಕಡ್ಡಿಯೊಂದು ನಿಂತಿರುವುದು ಅದರ ಗುರುತು. ಹೀರುವ ಬಗೆಯೂ ಒಂದೇ, ನಿಮ್ಮ ಚಿಗುರಿನ ಮೇಲಿನ ಕಪ್ಪು ಮಚ್ಚೆ ಆ ಜೊಲ್ಲಿನ ಫಲ. ಆದರೆ ಅದು ಹುಲ್ಲನ್ನು ಅವಲಂಬಿಸಿದ ಕೀಟವಲ್ಲ. ಗೇರು, ಬೇವು, ಪೇರಳೆ, ಕೋಕೋಗಳ ಎಳೆಯ ಭಾಗದ ಮೇಲೆ ಅದು ಬದುಕುತ್ತದೆ, ಮೊಟ್ಟೆಯನ್ನೂ ಆ ಎಳೆಯ ಚಿಗುರಿನೊಳಗೇ ಇಡುತ್ತದೆ. ಹಾಗಾಗಿ ಹುಲ್ಲು ಸವರುವ ಶ್ರಮವನ್ನು ಇದಕ್ಕಾಗಿ ಪಡಬೇಡಿ. ಮಳೆ ನಿಂತು ಹೊಸ ಚಿಗುರು ಬರುವಾಗ ವಾರಕ್ಕೊಮ್ಮೆ ಬೆಳಿಗ್ಗೆ ಚಿಗುರಿನ ತುದಿಗಳನ್ನು ನೋಡಿ, ಪಕ್ಕದಲ್ಲಿ ಬೇವು ಅಥವಾ ಪೇರಳೆ ಇದ್ದರೆ ಅವುಗಳ ಚಿಗುರನ್ನೂ ನೋಡಿ.