ಡೆಡ್‌ಹಾರ್ಸ್ ಏರ್‌ಪೋರ್ಟಿಗೆ ಮೊದಲ ಸಲ ಹೋಗ್ತಿದೀನಿ, ಹೋಗಿ ಬಂದೋರು ಸ್ವಲ್ಪ ಹೇಳಿ

ಹೊಸಬ: ಅಲಾಸ್ಕಾದ ಪ್ರೂಡೋ ಬೇ ಆಯಿಲ್ ಫೀಲ್ಡಲ್ಲಿ ಕೆಲಸ ಸಿಕ್ಕಿದೆ, ಎರಡು ವಾರ ಡ್ಯೂಟಿ ಎರಡು ವಾರ ರಜ. ಜನವರಿ ಶುರುವಲ್ಲಿ ಅಲಾಸ್ಕಾದ ದೊಡ್ಡ ಊರು ಆಂಕರೇಜಿಂದ ಆಯಿಲ್ ಫೀಲ್ಡ್ ಪಕ್ಕದ ಡೆಡ್‌ಹಾರ್ಸ್‌ಗೆ ಫ್ಲೈಟು. ಏನು ತಗೊಂಡು ಹೋಗ್ಲಿ? ರಜಕ್ಕೆ ವಾಪಸ್ ಬರೋ ದಿನಾನೇ ಆಂಕರೇಜಿಂದ ಮುಂದಿನ ಫ್ಲೈಟ್ ಬುಕ್ ಮಾಡ್ಬಹುದಾ?

ವಾಲ್ವ್ ಗುರು: ಮಾಡ್ಬೇಡಿ. ಗಾಳಿಗೆ ಹಿಮ ಎದ್ದರೆ ರನ್‌ವೇ ಕಾಣಲ್ಲ, ವಿಮಾನ ಮೇಲೆ ಬಂದು ಸುತ್ತಿ ಇಳಿಯದೇ ವಾಪಸ್ ಹೋಗೋದೂ ಉಂಟು. ಆ ವಿಮಾನ ಇಳೀಲಿಲ್ಲ ಅಂದ್ರೆ ನಿಮ್ಮನ್ನ ಕರ್ಕೊಂಡು ಹೋಗೋಕೂ ಇಲ್ಲ, ನಿಮ್ಮ ಜಾಗಕ್ಕೆ ಬರಬೇಕಾದೋನು ಆಂಕರೇಜಲ್ಲೇ ಕೂತಿರ್ತಾನೆ, ನೀವು ಅವನ ಶಿಫ್ಟೂ ಎಳೀತಿರ್ತೀರ. ಒಂದು ರಾತ್ರಿ ಆಂಕರೇಜಲ್ಲಿ ಉಳ್ಕೊಳ್ಳೋ ಹಾಗೆ ಪ್ಲಾನ್ ಮಾಡಿ, ಟಿಕೆಟ್ ಬದಲಾಯಿಸೋಕೆ ಆಗೋದೇ ತಗೊಳ್ಳಿ. ದಿನಾ ತಗೊಳ್ಳೋ ಮಾತ್ರೆ ಇದ್ರೆ ಲೆಕ್ಕಕ್ಕಿಂತ ಜಾಸ್ತಿ ಇರಲಿ. ಗಾಳಿ ಜಾಸ್ತಿ ಆದ್ರೆ ಫೀಲ್ಡ್ ರಸ್ತೆಗಳಲ್ಲೂ ಫೇಸ್ (ಎಚ್ಚರಿಕೆಯ ಹಂತ) ಒಂದು, ಎರಡು, ಮೂರು ಅಂತ ಹಾಕ್ತಾರೆ, ಎರಡಕ್ಕೆ ಗಾಡಿಗಳು ಸಾಲಾಗೇ ಹೋಗ್ಬೇಕು, ಮೂರಕ್ಕೆ ತುರ್ತು ಬಿಟ್ರೆ ಎಲ್ಲಾ ಬಂದ್.

ಕ್ಯಾಂಪ್ ಹಕ್ಕಿ: ದಪ್ಪ ಜಾಕೆಟ್, ಗ್ಲೌಸ್, ಟೋಪಿ ಚೆಕ್‌ಇನ್ ಬ್ಯಾಗಿಗೆ ಹಾಕ್ಬೇಡಿ ಮಾರಾಯ್ರೇ, ಕೈಯಲ್ಲೇ ಇರಲಿ. ವಿಮಾನದಿಂದ ಮೆಟ್ಟಿಲಿಳಿದು ಬಯಲಲ್ಲೇ ನಡ್ಕೊಂಡು ಟರ್ಮಿನಲ್‌ಗೆ ಹೋಗೋದು, ಮೈನಸ್ 40 ಇದ್ರೆ ಮೊದಲ ಉಸಿರಿಗೇ ಮೂಗಿನ ಕೂದಲು ಗಟ್ಟಿ ಆಗುತ್ತೆ. ಟರ್ಮಿನಲ್ ಚಿಕ್ಕದು, ಯಾರು ಕರ್ಕೊಂಡು ಹೋಗೋಕೆ ಬರ್ತಾರೆ ಅಂತ ಹೊರಡೋ ಮುಂಚೆನೇ ಕೇಳಿಟ್ಕೊಳ್ಳಿ. ಹೊರಗೆ ಪಿಕಪ್‌ಗಳ ಬಂಪರಿಂದ ವೈರು ನೇತಾಡ್ತಿರೋದು ನೋಡಿ ಗಾಬರಿ ಆಗ್ಬೇಡಿ, ನಿಲ್ಲಿಸಿದಾಗ ಇಂಜಿನ್ ಹೀಟರ್‌ಗೆ ಕರೆಂಟ್ ಕೊಡೋ ಪ್ಲಗ್ ಅದು. ಡೆಡ್‌ಹಾರ್ಸಲ್ಲಿ ಮದ್ಯ ಮಾರಲ್ಲ, ಕೆಲಸದೋರು ಉಳ್ಕೊಳ್ಳೋ ಕ್ಯಾಂಪಿಗೂ ಒಯ್ಯಬೇಡಿ, ಕೆಲಸಾನೇ ಹೋಗುತ್ತೆ. ಊಟ ಕ್ಯಾಂಪಲ್ಲೇ, ಹಸಿವಿಂದಂತೂ ಸಾಯಲ್ಲ. ಜನವರಿ ಮಧ್ಯದವರೆಗೆ ಸೂರ್ಯ ಹುಟ್ಟೋದೇ ಇಲ್ಲ, ಮಧ್ಯಾಹ್ನ ಕೆಲ ಗಂಟೆ ಮುಸ್ಸಂಜೆ ಬೆಳಕು ಅಷ್ಟೇ. ನಿದ್ದೆ ಟೈಮ್ ಗಡಿಯಾರ ನೋಡ್ಕೊಂಡು ಕಾಪಾಡ್ಕೊಳ್ಳಿ.

ಲಾಂಗ್ ಡ್ರೈವ್: ಫ್ಲೈಟ್ ಕ್ಯಾನ್ಸಲ್ ಆದ್ರೆ ರಸ್ತೇಲಿ ಹೋಗೋಣ ಅಂತ ಯಾರಾದ್ರೂ ಹೇಳಿದ್ರೆ ಕಿವಿಗೆ ಹಾಕ್ಕೋಬೇಡಿ. ಡೆಡ್‌ಹಾರ್ಸ್‌ಗೆ ಬರೋ ಡಾಲ್ಟನ್ ಹೈವೇ 666 ಕಿ.ಮೀ., ಬಹುಪಾಲು ಜಲ್ಲಿ, ದಾರೀಲಿ ಸಿಗೋ ಕೋಲ್ಡ್‌ಫುಟ್ ಅನ್ನೋ ಪುಟ್ಟ ಊರು ದಾಟಿದ್ಮೇಲೆ ಸುಮಾರು 385 ಕಿ.ಮೀ. ಪೆಟ್ರೋಲ್ ಬಂಕೇ ಇಲ್ಲ. ನಾನು ಹೋಗಿದ್ದು ಬೇಸಿಗೆ ಪ್ರವಾಸಕ್ಕೆ, ಆಗ ಸೊಳ್ಳೆ ಕಾಟ, ಸಮುದ್ರದ ಮಂಜಿಗೂ ಫ್ಲೈಟ್ ನಿಲ್ಲುತ್ತೆ. ಆರ್ಕ್‌ಟಿಕ್ ಸಮುದ್ರ ಅಷ್ಟು ಹತ್ರ ಇದ್ರೂ ಮಧ್ಯೆ ಆಯಿಲ್ ಫೀಲ್ಡ್ ಗೇಟು, ಪ್ರವಾಸಿಗಳು ಮುಂಚೆನೇ ಐಡಿ ವಿವರ ಕೊಟ್ಟು ಶಟಲಲ್ಲೇ ಹೋಗ್ಬೇಕು. ಕರಡಿ ಓಡಿಸೋ ಸ್ಪ್ರೇ ವಿಮಾನದಲ್ಲಿ ಬಿಡಲ್ಲ.

ಹೊಸಬ: ಎಲ್ಲರಿಗೂ ಥ್ಯಾಂಕ್ಸ್, ಮುಂದಿನ ಫ್ಲೈಟ್ ಮಾರನೇ ದಿನಕ್ಕೆ ಹಾಕ್ತೀನಿ. ಬೂಟು ಕಂಪನಿ ಕೊಡುತ್ತಾ?

ವಾಲ್ವ್ ಗುರು: ಅದು ಒಂದೊಂದು ಕಂಪನೀಲಿ ಒಂದೊಂದು ಥರ, ಮೇಲ್ ಹಾಕಿ ಕೇಳಿ. ಕೊಂಡ್ಕೊಳ್ಳೋದಾದ್ರೆ ದಪ್ಪ ಕಾಲ್ಚೀಲ ಹಾಕ್ಕೊಂಡೇ ಸೈಜ್ ನೋಡಿ, ಬಿಗಿ ಆದ್ರೆ ಬೆರಳು ಬೇಗ ಮರಗಟ್ಟುತ್ತೆ.