ಹದಿಹರೆಯ: ಹತ್ತೊಂಬತ್ತಕ್ಕೆ ಜಾಗ ಉಂಟೇ?

ಪದಚರ್ಚೆಯ ಗೆಳೆಯರಿಗೆ ದಾವಣಗೆರೆಯಿಂದ ನಮಸ್ಕಾರ.

ಮೊನ್ನೆ ಸಂಜೆ ಕಟ್ಟಿಸಿಕೊಂಡು ಬಂದ ಮಂಡಕ್ಕಿ-ಮೆಣಸಿನಕಾಯಿ ಪೊಟ್ಟಣ ಬಿಚ್ಚಿದರೆ, ಅದು ಯಾವುದೋ ಹಳೇ ವಾರಪತ್ರಿಕೆಯ ವೈದ್ಯರ ಸಲಹೆಯ ಹಾಳೆ. ಎಣ್ಣೆ ಇಳಿದು ಹಿಂಬದಿಯ ಅಕ್ಷರವೂ ಮುಂದಕ್ಕೆ ಮೂಡಿತ್ತು. ಕಷ್ಟಪಟ್ಟು ಓದಿದೆ. 19 ವರ್ಷದ ಹುಡುಗನೊಬ್ಬ ಮುಖದ ತುಂಬ ಮೊಡವೆ ಎಂದು ಬರೆದಿದ್ದಾನೆ. 'ಹದಿಹರೆಯದಲ್ಲಿ ಇದು ಸಹಜ, ಚಿವುಟಬೇಡಿ' ಎಂದು ಉತ್ತರ.

ಚಿವುಟಬಾರದು, ಸರಿ. ಆದರೆ ಅವನದು ಹದಿಹರೆಯವೇ? ಹದಿಮೂರು, ಹದಿನಾಲ್ಕು ಎಂದು ಎಣಿಸುತ್ತಾ ಹೋಗಿ. ಹದಿನೆಂಟಕ್ಕೆ 'ಹದಿ' ಮುಗಿಯಿತು. ಮುಂದಿನದು ಹತ್ತೊಂಬತ್ತು. ಹಿಂದಕ್ಕೆ ಬಂದರೆ ಹನ್ನೆರಡು, ಹನ್ನೊಂದು, ಅಲ್ಲೂ 'ಹದಿ' ಇಲ್ಲ. ಇಂಗ್ಲಿಷಿನ 'ಟೀನ್' 13ರಿಂದ 19ರವರೆಗೂ ಸಲೀಸಾಗಿ ಓಡುತ್ತದೆ. ಅದನ್ನು ನೋಡಿಯೇ ಈ ಪದ ಕಟ್ಟಿದರೆಂದು ನನ್ನ ಗುಮಾನಿ. ಜಾಣ ಕಟ್ಟಡವೇ, ಒಂದು ವರ್ಷ ಮಾತ್ರ ಸೋರಿಹೋಗಿದೆ.

ಪತ್ರಿಕೆಗಳಿಗೆ ಈ ವಯಸ್ಸಿನ ಲೆಕ್ಕ ಹಳೆಯದು. ಅಮೆರಿಕದಲ್ಲಿ 1944ರಲ್ಲಿ ಹೊರಟ ಹುಡುಗಿಯರ ಪತ್ರಿಕೆಯ ಹೆಸರೇ 'ಸೆವೆಂಟೀನ್'. ಜರ್ಮನಿಯ 'ಬ್ರಾವೋ' 1969ರಿಂದ 'ಡಾ. ಸೊಮ್ಮರ್' ಎಂಬ ಕಲ್ಪಿತ ಹೆಸರಿನಲ್ಲಿ ಹುಡುಗ ಹುಡುಗಿಯರ ಗುಟ್ಟಿನ ಪ್ರಶ್ನೆಗಳಿಗೆ ಉತ್ತರ ಕೊಡಿಸಿತು; ಆ ಹೆಸರಿನ ಹಿಂದಿದ್ದವರು ಮಾರ್ಟಿನ್ ಗೋಲ್ಡ್‌ಸ್ಟೈನ್ ಎಂಬ ವೈದ್ಯರು. ಅಲ್ಲಿನ ಎಣಿಕೆಗೆ ನಮ್ಮ ತೊಡಕಿಲ್ಲ: 13ರಿಂದ 19ರವರೆಗೆ ಎಲ್ಲಕ್ಕೂ 'ತ್ಸೇನ್' ಬಾಲ.

ಸರ್ಕಾರದವರು ಈ ಗೋಜಿಗೇ ಹೋಗದೆ 10ರಿಂದ 19ರವರನ್ನೆಲ್ಲ 'ಕಿಶೋರ', 'ಕಿಶೋರಿ' ಎಂದುಬಿಟ್ಟರು. ಅಂಗನವಾಡಿಯಲ್ಲಿ ಅದು ಸಲೀಸು, ಮನೆಯಲ್ಲಿ ಯಾರೂ ಅನ್ನುವುದಿಲ್ಲ. ಆದರೆ ಹನ್ನೆರಡಕ್ಕೇ ಮೈನೆರೆದ ಹುಡುಗಿಗೆ ಆ ಪದದಲ್ಲಿ ಜಾಗವಿದೆ, ನಮ್ಮ 'ಹದಿ'ಯಲ್ಲಿಲ್ಲ. ಸಲಹೆ ನಿಜವಾಗಿ ಬೇಕಾದದ್ದು ಅವಳಿಗೇ ಅಲ್ಲವೇ?

ನಮ್ಮ ದೊಡ್ಡಮ್ಮನ ಮುಂದೆ ಇದನ್ನೆಲ್ಲ ಹೇಳಿದೆ. 'ಹರೇದ ಹುಡುಗ್ರು ಅಂದ್ರೆ ಸಾಲ್ದೇನೋ, ಅದಕ್ಯಾಕೆ ಮಗ್ಗಿ?' ಎಂದು ಮಂಡಕ್ಕಿಗೆ ಕೈ ಹಾಕಿದರು.

ಕೇಳಬೇಕಾದದ್ದು ಇಷ್ಟು. 'ಹದಿಹರೆಯ' ಎಂಬ ಪದ ಬಳಕೆಗೆ ಬರುವ ಮೊದಲು ಸಲಹೆಯ ಅಂಕಣಗಳಲ್ಲಿ ಏನೆಂದು ಬರೆಯುತ್ತಿದ್ದರು: ಪ್ರಾಯ, ತಾರುಣ್ಯ, ಬರೀ ಹರೆಯ? 1970ಕ್ಕಿಂತ ಹಿಂದಿನ ಸಂಚಿಕೆಗಳನ್ನು ಕಟ್ಟಿಟ್ಟವರಿದ್ದರೆ, 'ಹದಿಹರೆಯ' ಮೊದಲು ಕಂಡ ಪುಟದ ತಿಂಗಳು, ವರ್ಷ ತಿಳಿಸಿ. ನನ್ನ ಹಾಳೆಯಲ್ಲಿ ತಾರೀಖು ಇದ್ದ ಮೂಲೆಯನ್ನೇ ಅಂಗಡಿಯವನು ಹರಿದಿದ್ದಾನೆ.